ಹನ್ನೊಂದು ಸೆಕೆಂಡಿನ ಠಾಣೆ

ಪೊನ್ನಂಪೇಟೆ ದಾಟಿ ಕುಟ್ಟದ ದಾರಿಯಲ್ಲಿ
ಬೀಗ ಬಿದ್ದ ಕಾಫಿ ಗೋದಾಮೊಂದನ್ನು
ನಾಲ್ಕು ದಿನದಲ್ಲಿ ಪೊಲೀಸ್ ಠಾಣೆ ಮಾಡಬೇಕಿತ್ತು.
ಮಾಡಿದೆ. ಅದು ನನ್ನ ಕಸುಬು.

ವಿರಾಜಪೇಟೆಯ ಬಡಗಿ ಸಾಲ್ದಾನನ ಮಗ ನಾನು, ಲಿಗೋರಿ.
ಅಪ್ಪ ಕೂರಿಸಿದ ಬಾಗಿಲಿಗೆಲ್ಲ ಹಿಂದೊಂದು ಕೋಣೆ ಇರುತ್ತಿತ್ತು;
ನನ್ನ ಬಾಗಿಲ ಹಿಂದೆ
ಎರಡು ಊರುಗೋಲು, ಒಂದು ಮರಳಿನ ಚೀಲ.

ಹೊಸ ಸುಣ್ಣಕ್ಕೆ ಚಹಾದ ಚರಟ ಹಚ್ಚಿ
ಗೋಡೆಗೆ ಮೂವತ್ತು ವರ್ಷ ವಯಸ್ಸು ಕೊಟ್ಟೆ.
ಸರಪಳಿಯಲ್ಲಿ ಬೆಂಚಿನ ಅಂಚು ಉಜ್ಜಿ
ಕಾದು ಕೂತವರ ಸವೆತ ತಂದೆ.
ಮೂಲೆಯ ಎಲೆಯಡಿಕೆ ಉಗುಳು ಮಾತ್ರ ಅಸಲಿ,
ಲೈಟ್ ಹುಡುಗ ರಫೀಕನ ಕಾಣಿಕೆ.

ಕುಶಾಲಪ್ಪ ಬಂದ, ಒಂದು ಕಣ್ಣು ಮುಚ್ಚಿ ನೋಡಿದ.
ನಮ್ಮಿಬ್ಬರದು ಹದಿನಾಲ್ಕನೆಯ ಚಿತ್ರ, ಹದಿನಾಲ್ಕನೆಯ ಜಗಳ:
‘ನಿನ್ನ ಗೋಡೆಗೆ ಬಾಯಿ ಜಾಸ್ತಿ ಮಾರಾಯ.’
‘ನಿನ್ನ ಬೆಳಕಿಗೆ ಕಿವಿಯೇ ಇಲ್ಲ.’
ಕಿಟಕಿಗೆ ಬೆಣ್ಣೆಕಾಗದ ಬಿಗಿದು
ಆಚೆ ಬದಿ ಬೆಳಗಿನ ಏಳೂವರೆ ಹತ್ತಿಸಿದ.
ಹೊರಗೆ ನಿಜದ ಮಂಜೂ ಇತ್ತು.
ನಂಬುವ ಹಾಗಿರಲಿಲ್ಲ, ಎರಡನೇ ಟೇಕಿಗೆ ಅದು ಬರುವುದಿಲ್ಲ.
ಡಬ್ಬಿಯಲ್ಲಿ ಕೆಂಡ, ಮೇಲೆ ಸಾಂಬ್ರಾಣಿ.
ನಮ್ಮ ಮಂಜು ಹೇಳಿದ ಮಾತು ಕೇಳುತ್ತಿತ್ತು.

ಆಗ ಬಂದಳು.
ತಿತಿಮತಿ ಕಡೆಯ ತೋಟದಿಂದ ನಡೆದೇ ಬಂದಿದ್ದಳಂತೆ,
ಹೆಸರು ಬೊಳಚಿ, ಹಿಮ್ಮಡಿ ತುಂಬ ಕೆಂಪು ಮಣ್ಣು.
ದೀಪ, ಟ್ರಾಲಿ, ನಲವತ್ತು ಜನ,
ಯಾರನ್ನೂ ನೋಡಲಿಲ್ಲ, ಬೋರ್ಡು ನೋಡಿದ್ದಳು.
ಪೇದೆಯ ವೇಷದಲ್ಲಿ ಇಡ್ಲಿ ತಿನ್ನುತ್ತಿದ್ದ ಶಿವನಂಜನ ಮುಂದೆ ನಿಂತು,
‘ರೈಟರು ನನ್ನ ರೇಶನ್ ಕಾರ್ಡು ಇಟ್ಟುಕೊಂಡವ್ರೆ, ಸ್ವಾಮಿ.
ಕೊಟ್ರೆ ಬೇರೆ ತೋಟಕ್ಕೆ ಓಡಿಹೋಗ್ತೀನಂತೆ.’

ಶಿವನಂಜ ನನ್ನ ಕಡೆ ನೋಡಿದ.
ನಾನು ಕುರ್ಚಿಗೆ ಹೋಗಿ ಕೂತೆ.
ದಫ್ತರದ ಮೊದಲೆರಡು ಪುಟಕ್ಕೆ ಸುಳ್ಳು ಕಳವು ತುಂಬಿಸಿದ್ದೆ;
ಮೂರನೆಯದು ಖಾಲಿ. ಬರೆದೆ.
ಹೆಬ್ಬೆಟ್ಟಿಗೆ ಶಾಯಿ ಇರಲಿಲ್ಲ, ಬೂಟಿನ ಪಾಲಿಶ್ ಕೊಟ್ಟೆ.
ಅವಳು ಒತ್ತಿದಳು, ಗಟ್ಟಿಯಾಗಿ, ಎರಡು ಸಲ.

ಅಷ್ಟರಲ್ಲಿ ಕೇಳಿತು, ನನಗೊಬ್ಬನಿಗೇ,
ಕ್ಯಾಮೆರಾದ ಮೋಟಾರಿನ ಸಣ್ಣ ಗುಂಯ್.
ಕುಶಾಲಪ್ಪ ಓಡಿಸುತ್ತಿದ್ದ.
ಏಳೂವರೆಯ ಬೆಳಕು ಅವಳ ಕೆನ್ನೆಯ ಮೇಲೆ
ನಾವು ಹದಿನಾಲ್ಕು ಚಿತ್ರದಲ್ಲಿ ಒಮ್ಮೆಯೂ ಇಡಲಾಗದಂತೆ ಕೂತಿತ್ತು.

ನಾನು ಏನೂ ಹೇಳಲಿಲ್ಲ. ನಿಜ ಹೇಳುತ್ತೇನೆ,
ನನಗೂ ಆ ಶಾಟ್ ಬೇಕು ಅನ್ನಿಸಿತ್ತು.

ಅವಳು ಮೆಟ್ಟಿಲಿಳಿದ ಮೇಲೆ
ಅವನು ಮ್ಯಾಗಜೀನ್ ಬಿಚ್ಚಿ, ಅಂಗಳಕ್ಕೆ ಹೋಗಿ,
ಸುರುಳಿಯನ್ನು ಬಿಸಿಲಿಗೆ ಎಳೆದ, ಕರುಳು ಎಳೆದ ಹಾಗೆ.
ನಿರ್ಮಾಪಕರಿಗೆ ‘ಜಾಮ್ ಆಯ್ತು’ ಎಂದ.
ಆ ಸಂಜೆ ನಮ್ಮ ನಡುವೆ ಜಗಳ ಇರಲಿಲ್ಲ.

ಹಾಳೆ ಹರಿದುಕೊಂಡು ಅವಳ ಜೊತೆ ಅಸಲಿ ಠಾಣೆಗೆ ಹೋದೆ.
ಹೊಸ ಬಣ್ಣ, ಟ್ಯೂಬ್‌ಲೈಟು, ಒಂದು ಕಲೆಯಿಲ್ಲದ ಗೋಡೆ.
ನನ್ನ ಕೈಕೆಳಗಿನ ಹುಡುಗ ಹೀಗೆ ಮಾಡಿದ್ದರೆ
ಅಳಿಸಿ ಮತ್ತೆ ಮಾಡಿಸುತ್ತಿದ್ದೆ.
‘ಅಕ್ಷರ ಚೆನ್ನಾಗಿದೆ, ಯಾರು ಬರೆದದ್ದು?’ ಎಂದರು ಸಾಹೇಬರು.
ಕಾರ್ಡಿನ ವಿಷಯ ನೋಡೋಣ ಎಂದರು.

ಚಿತ್ರ ಒಂಬತ್ತು ದಿನ ಓಡಿತು.
ಠಾಣೆ ಕಾಣುವುದು ಹನ್ನೊಂದು ಸೆಕೆಂಡು, ಅದೂ ಹಿನ್ನೆಲೆಯಲ್ಲಿ.

ಆರು ವರ್ಷದ ಮೇಲೆ, ಇನ್ನಾರದೋ ಚಿತ್ರಕ್ಕೆ
ಜಾಗ ಹುಡುಕುತ್ತ ಆ ತೋಟದ ಲೈನ್‌ಮನೆ ಕಡೆ ಹೋದೆ.
ಬೊಳಚಿಯನ್ನು ಕೇಳಿದರೆ, ಯಾವ ಬೊಳಚಿ ಎಂದರು.
ಕೊನೆಯ ಮನೆಯ ಹಿತ್ತಲಲ್ಲಿ ಕೋಳಿಗೂಡು,
ಅದಕ್ಕೆ ಬಾಗಿಲಾಗಿ ನನ್ನ ಪ್ಲೈವುಡ್ಡು,
‘ಠಾಣೆ’ಯ ಸುಳಿಗಳು ಇನ್ನೂ ಬಿಟ್ಟಿಲ್ಲ, ಅಕ್ಷರ ತಲೆಕೆಳಗು.
ಒಳಗೆ ಒಂದು ಹುಂಜ, ಮೂರು ಹೇಂಟೆ.

ಅಗುಳಿ ಸರಿಸಿ ನೋಡಿದೆ.
ಹಿಂದೆ ಕೋಣೆಯಿತ್ತು.